ಮೊಸರುಕುಡಿಕೆಯ ದಿನ ಹುಟ್ಟಿದವಳು

ಹರಿಣಾಕ್ಷಿಯನ್ನು ನೋಡುವ ಮೊದಲು ನಾನು ಅವಳ ಕೂಗು ಕೇಳಿದ್ದೆ. ಡೊಂಬಿವಲಿಯ ಚಾಳಿನಲ್ಲಿ ನಮ್ಮ ಖೋಲಿಗೂ ಹೋಟೆಲಿನ ಕಿಟ್ಟಣ್ಣನ ಖೋಲಿಗೂ ನಡುವೆ ಇದ್ದದ್ದು ಒಂದು ಹಲಗೆ. ನಾನು ಮದುವೆಯಾಗಿ ಬಂದ ವರ್ಷದ ಮೊಸರುಕುಡಿಕೆ. ಹೊರಗೆ ಮಡಕೆ ಒಡೆಯುವ ಗೋವಿಂದರ ಬೊಬ್ಬೆ, ಒಳಗೆ ಇವಳದ್ದು ಅದಕ್ಕಿಂತ ಜೋರು. ಅಷ್ಟಮಿಯ ಉಂಡೆ ಹಂಚುತ್ತಿದ್ದ ಕೈಯಲ್ಲೇ ಓಡಿಹೋಗಿ ಬಿಸಿನೀರು ಕಾಯಿಸಿದವಳು ನಾನು.

ಶಾಲೆಗೆ ಹಾಕುವಾಗ ಕಿಟ್ಟಣ್ಣ ಮಗಳು ಹುಟ್ಟಿದ ತಾರೀಕನ್ನು ಮರುವರ್ಷದ ಜೂನ್ ಒಂದು ಎಂದು ಬರೆಸಿದ.

“ಮಗಳು ಹುಟ್ಟಿದ್ದು ಮರೆತುಹೋಯ್ತಾ ಕಿಟ್ಟಣ್ಣ?”

“ನಿನಗೆ ಗೊತ್ತಾಗ್ಲಿಕ್ಕಿಲ್ಲ ತಂಗೀ. ನಾಳೆ ಸರ್ಕಾರಿ ಕೆಲಸ ಸಿಕ್ಕಿದ್ರೆ ರಿಟೈರಾಗದೆ ಒಂದು ವರ್ಷ ಹೆಚ್ಚು ಕೂತ್ಕೊಳ್ಬಹುದು.”

ಚಾಳಿನ ಅರ್ಧ ಮಕ್ಕಳು ಹೀಗೆ ಜೂನ್ ಒಂದಕ್ಕೆ ಹುಟ್ಟಿದವರು. ದೊಡ್ಡ ಬುದ್ಧಿವಂತ! ಸತ್ತವರನ್ನು ಬೈಯಬಾರದಂತೆ. ನಾನು ಬೈಯುತ್ತೇನೆ.

ಹರಿಣಾಕ್ಷಿ ಡೊಂಬಿವಲಿ ಪಕ್ಕದ ಕಲ್ಯಾಣದಲ್ಲಿ ಸರ್ಕಾರದ ಅನುದಾನದ ಕನ್ನಡ ಶಾಲೆಗೆ ಟೀಚರಾದಳು. ಮಕ್ಕಳಿಲ್ಲದೆ ಶಾಲೆ ಮುಚ್ಚುವ ಗತಿ ಬಂದಾಗ ಹತ್ತಿರದ ಶಹಾಡಿನಲ್ಲಿದ್ದ ಕಟ್ಟಡದ ಕೆಲಸದವರ ಶೆಡ್ಡುಗಳಿಗೆ ಹೋಗಿ ರಾಯಚೂರು, ಕಲಬುರಗಿಯವರ ಮಕ್ಕಳನ್ನು ಕೈಹಿಡಿದು ತಂದಳು. “ಟೀಚರ್ ಬಂದ್ಲು, ಹುಡುಗ್ರನ್ನ ಮುಚ್ಚಿಡ್ರಿ!” ಎಂದು ಆ ತಾಯಂದಿರು ಚೇಷ್ಟೆ ಮಾಡುತ್ತಿದ್ದರು. ಇವಳ ಜೊತೆ ಅದೇ ದಿನ ಕೆಲಸಕ್ಕೆ ಸೇರಿದ ರಂಜನ್ ಮಾಸ್ತರು ಶಾಲೆಯ ಗೇಟು ದಾಟಿದ್ದು ಮನೆಗೆ ಹೋಗುವಾಗ ಮಾತ್ರ.

ಈ ವರ್ಷ ಹೆಡ್‌ಮಾಸ್ತರರ ಕುರ್ಚಿ ಖಾಲಿಯಾಯಿತು. ಒಂದೇ ದಿನ ಸೇರಿದವರಲ್ಲಿ ವಯಸ್ಸಿನಲ್ಲಿ ಹಿರಿಯರಿಗೆ ಕುರ್ಚಿ ಎಂದು ನಿಯಮ. ರಂಜನ್ ಹುಟ್ಟಿದ್ದು ಆ ಮೊಸರುಕುಡಿಕೆ ಕಳೆದು ಬಂದ ದೀಪಾವಳಿಗೆ. ನಿಜದಲ್ಲಿ ಇವಳಿಗಿಂತ ಚಿಕ್ಕವನು, ಕಾಗದದಲ್ಲಿ ದೊಡ್ಡವನು.

ಹರಿಣಾಕ್ಷಿ ತಕರಾರು ಹಾಕಿದಳು, ನನ್ನನ್ನು ಸಾಕ್ಷಿಗೆ ಠಾಣೆ ಜಿಲ್ಲೆಯ ಶಿಕ್ಷಣ ಕಚೇರಿಗೆ ಕರೆದುಕೊಂಡು ಹೋದಳು. ಅವಳ ಅಮ್ಮ, ಸೂಲಗಿತ್ತಿ, ಕಿಟ್ಟಣ್ಣ, ಯಾರೂ ಉಳಿದಿಲ್ಲ. ಆ ಚಾಳೂ ಇಲ್ಲ.

“ಆಜೀ, ಶಾಲೆಯಲ್ಲಿ ಬರೆಸಿದ್ದೇ ತಾರೀಕು. ಈಗ ಬದಲಾಯಿಸಲಿಕ್ಕಾಗೋದಿಲ್ಲ,” ಎಂದರು ಸಾಹೇಬರು ಮರಾಠಿಯಲ್ಲಿ.

“ಆ ತಾರೀಕಿಗೆ ಇವಳಿಗೆ ಹಲ್ಲು ಬಂದಿತ್ತು ಸಾಹೇಬ! ಹಲ್ಲು ಇಟ್ಕೊಂಡೇ ಹುಟ್ಟಿದ್ಳಾ?”

ಎದುರಿಗೆ ಕೂತಿದ್ದ ರಂಜನ್ ನಕ್ಕ. “ಹೆಂಗಸರು ವಯಸ್ಸು ಕಡಿಮೆ ಹೇಳೋದು ಕೇಳಿದ್ದೆ. ಹೆಚ್ಚು ಮಾಡಿ ಅಂತ ಅಳೋದು ಇದೇ ಮೊದಲು!”

ನನ್ನ ಮೈ ಹತ್ತಿ ಉರಿಯಿತು. “ನೀನು ಕೂರುವ ಕುರ್ಚಿ ಉಳಿದದ್ದು ಇವಳು ತಂದ ಮಕ್ಕಳಿಂದ ಮಾರಾಯ, ನಿನ್ನ ದೀಪಾವಳಿಯಿಂದ ಅಲ್ಲ!” ಎಂದೆ. ಕಚೇರಿಯ ಸಿಪಾಯಿ ನನ್ನನ್ನು ಹೊರಗೆ ಕೂರಿಸಿದ. ಕುರ್ಚಿ ರಂಜನ್‌ಗೇ ಹೋಯಿತು. ಮಕ್ಕಳನ್ನು ತಂದವರು ಹಿರಿಯರು ಎಂದು ಯಾವ ನಿಯಮದಲ್ಲೂ ಇಲ್ಲವಂತೆ. ಬೆಂಕಿ ಬೀಳಲಿ ಆ ನಿಯಮಕ್ಕೆ.

ಹರಿಣಾಕ್ಷಿ ಅಳಲಿಲ್ಲ. ವಕೀಲರನ್ನು ಹಿಡಿದಿದ್ದಾಳೆ, ಮುಂಬಯಿಯ ಕೋರ್ಟಿಗೆ ಹೋಗುತ್ತಾಳಂತೆ. ಮೊನ್ನೆ ಬಂದವಳು ನನ್ನ ಊದಿದ ಕಾಲನ್ನು ಒತ್ತಿ ನೋಡಿದಳು, ಮಾತ್ರೆ ತೆಗೆದುಕೊಂಡೆನಾ ಎಂದು ಗದರಿಸಿದಳು. ಹೊರಟವಳು ಬಾಗಿಲಲ್ಲಿ ತಿರುಗಿ ನಿಂತಳು.

“ದೊಡ್ಡಮ್ಮಾ, ಕೇಸು ಮುಗಿಯುವ ತನಕ ನೀವು ಸಾಯ್ಲಿಕ್ಕಿಲ್ಲ, ಆಯ್ತಾ?”