ಡಿಎನ್ಎಸ್ ದಾಖಲೆಯಲ್ಲಿ ಒಂದು ಕಪ್ ಚಾ

"ಮೇಡಂ, ಈ ಸಾಲು ಯಾವ ಕೆಲಸಕ್ಕೂ ಬರಂಗಿಲ್ರಿ. ಅಳಿಸಿ ಬಿಡ್ಲಿ?" ಎಂದರು ಕ್ಯಾಂಪ್ ಬಡಾವಣೆಯ ಕಂಪ್ಯೂಟರ್ ಅಂಗಡಿಯವರು.

ಖಾನಾಪುರದ ಮಣ್ಣಿನ ಗಡಿಗೆಗಳನ್ನು ಮಾರುವ ನಮ್ಮ ವೆಬ್‌ಸೈಟಿಗೆ ಗಿರಾಕಿಗಳ ಮೇಲ್ ಬರುವುದು ನಿಂತಿತ್ತು. ಅದಕ್ಕೇ ಅವರು ಸೈಟಿನ ಹೆಸರು ಹಾಕಿ ಡಿಎನ್ಎಸ್ ದಾಖಲೆ ತೆರೆದಿದ್ದರು. ಸೈಟ್ ಎಲ್ಲಿದೆ, ಮೇಲ್ ಎಲ್ಲಿಗೆ ಹೋಗಬೇಕು ಎಂದು ಜಗತ್ತಿಗೆ ತಿಳಿಸುವ ವಿಳಾಸಪಟ್ಟಿ ಅದು. ಮೇಲ್‌ನ ಹಳೇ ವಿಳಾಸ ತಿದ್ದಿದರು. ಕೆಳಗೆ, ಏನು ಬೇಕಾದರೂ ಬರೆದಿಡಬಹುದಾದ ಟೆಕ್ಸ್ಟ್ ಸಾಲಿನಲ್ಲಿ, ಇಂಗ್ಲಿಷ್ ಅಕ್ಷರಗಳಲ್ಲಿ ನಮ್ಮ ಕನ್ನಡವಿತ್ತು: "ಇಲ್ಲೀತನಕ ಬಂದೀರಿ, ಚಾ ಕುಡದ ಹೋಗ್ರಿ."

ಕುರ್ಚಿಯಿಂದ ಎದ್ದೇಬಿಟ್ಟೆ. ಸೈಟ್ ಮಾಡಿದ್ದು ನನ್ನ ಪಾಲುದಾರ ಸಲೀಮ. ಬರೀ ಬೆಲೆ ಕೇಳಿ ಹೊರಟವರನ್ನೂ ಅವನು ಚಾ ಕುಡಿಸದೆ ಬಿಟ್ಟವನಲ್ಲ. "ಗಡಿಗಿ ಅಂಗಡೀನೋ, ಚಾದಂಗಡೀನೋ ಇದು?" ಎಂದು ಎಷ್ಟು ಬೈದಿದ್ದೆನೋ! ಅವನು ತೀರಿಕೊಂಡು ಮೂರು ವರ್ಷವಾಯಿತು. ಈ ಸಾಲಿನ ಸುದ್ದಿಯನ್ನು ನನಗೆ ಹೇಳಿಯೇ ಇರಲಿಲ್ಲ.

"ಅದನ್ನ ಮುಟ್ಟಬ್ಯಾಡ್ರಿ" ಎಂದೆ.

ಈಗ ಮೇಲ್ ಬರುತ್ತಿವೆ, ಆ ಸಾಲೂ ಹಾಗೇ ಇದೆ. ಅಂದು ಸಂಜೆ ಅಂಗಡಿಯಲ್ಲಿ ಒಬ್ಬರು ಬರೀ ಬೆಲೆ ಕೇಳಿ ಹೊರಟರು. ನನ್ನ ಬಾಯಿಂದಲೇ ಬಂತು: "ಕುಂದರ್ರಿ, ಚಾ ಕುಡದ ಹೋಗ್ರಿ."