ಗೇಟಿನ ಹೊರಗಿನ ಮಡಕೆ

ಅಮೃತಹಳ್ಳಿಯಲ್ಲಿ ನಮ್ಮ ಎದುರು ಮನೆಯಲ್ಲಿದ್ದವರು ಸೈನ್ಯದಿಂದ ನಿವೃತ್ತರಾದ ಹವಾಲ್ದಾರರು. ಮಳೆಗಾಲದಲ್ಲೂ ಬಿಡದೆ ಗೇಟಿನ ಹೊರಗೆ ಒಂದು ಮಡಕೆ ಕುಡಿಯುವ ನೀರು ಇಡುತ್ತಿದ್ದರು. ಬೆಳಿಗ್ಗೆ ತೆಂಗಿನ ನಾರಿನಿಂದ ಅದನ್ನು ಉಜ್ಜುವಾಗ ಯಾರು ಮಾತಾಡಿಸಿದರೂ ತಲೆ ಎತ್ತುತ್ತಿರಲಿಲ್ಲ. ಆಮೇಲೆ ಪೇಪರ್ ಹಿಡಿದು ಕೂರುತ್ತಿದ್ದರು, ಕಣ್ಣು ಮಾತ್ರ ಮಡಕೆಯ ಮೇಲೆ. ತಾವು ಒಳಗಿದ್ದಾಗ ಯಾರಾದರೂ ಅಲ್ಲಿ ನಿಂತ ಸದ್ದಾದರೆ, ಕಿಟಕಿಯ ಹತ್ತಿರದ ಹೆಂಡತಿಯನ್ನು ಕೇಳುತ್ತಿದ್ದರು: "ಕುಡಿದ್ರಾ?"

ಒಂದು ಸಂಜೆ ಟಿವಿಯಲ್ಲಿ ಯಾವುದೋ ದೇಶದ ಯುದ್ಧ ಮುಗಿದ ಸುದ್ದಿ ನೋಡಿ ಅವರ ಗೇಟಿಗೆ ಹೋದೆ. "ಅಂತೂ ಶಾಂತಿ ಆಯ್ತಲ್ಲ ಸಾರ್" ಅಂದೆ.

"ಕೊನೇ ದಿನ ಏನ್ ಮಾಡಿದ್ರು ಅಂತ ನೋಡ್ಬೇಕು ಕಣಪ್ಪ. ನಮ್ಗೂ ಸಂಜೆಯೊಳಗೆ ಒಂದು ಊರು ಹಿಡೀಬೇಕಿತ್ತು. ಬಾವಿಕಟ್ಟೆ ಮರೆಯಿಂದ ಗುಂಡು ಬರ್ತಿತ್ತು, ಬಾವೀನೇ ಉಡಾಯಿಸಿದ್ವಿ. ಮಾರನೇ ದಿನ ಯುದ್ಧ ನಿಲ್ತು. ಆಮೇಲೆ ವರ್ಷವೆಲ್ಲ ಅದೇ ಊರಲ್ಲಿ ಶಾಂತಿ ಕಾಯೋ ಡ್ಯೂಟಿ. ದಿನಾ ಟ್ಯಾಂಕರಲ್ಲಿ ನೀರು ತಗೊಂಡ್ ಹೋಗ್ತಿದ್ದೆ. ಒಬ್ರೂ ಮುಟ್ಲಿಲ್ಲ. ಅಷ್ಟು ದೂರ ನಡೆದು ಹಳ್ಳದ ನೀರು ತರ್ತಿದ್ರು."

ಹೇಳಿ, ಮಡಕೆಯಿಂದ ಒಂದು ಲೋಟ ನೀರು ತೆಗೆದು ನನ್ನ ಮುಂದೆ ಹಿಡಿದರು.

ಇಷ್ಟೆಲ್ಲ ಕೇಳಿಸಿಕೊಂಡ ಮೇಲೂ ನನ್ನ ಹಾಳು ಬಾಯಿ ಅಭ್ಯಾಸ ಬಿಡಲಿಲ್ಲ. "ಬೇಡ ಸಾರ್, ನಾವು ಫಿಲ್ಟರ್ ನೀರೇ ಕುಡಿಯೋದು" ಅಂದುಬಿಟ್ಟೆ.

"ಪರವಾಗಿಲ್ಲ ಕಣಪ್ಪ" ಅಂದವರು ಲೋಟದ ನೀರನ್ನು ದಾಸವಾಳದ ಬುಡಕ್ಕೆ ನಿಧಾನವಾಗಿ ಸುರಿದರು.

ಕಿಟಕಿಯಿಂದ ಅವರ ಹೆಂಡತಿ ಕೇಳಿದರು: "ಕುಡಿದ್ರಾ?"