ಗಂಗವ್ವನ ಗಂಡನಾಗಿದ್ದ ಮುತ್ತಜ್ಜಿ

ಇವತ್ತು ಹಾಸ್ಟೆಲ್ ಟಿವಿಯ ಸೂಪರ್‌ಹೀರೋ ಸೀರಿಯಲ್‌ನಲ್ಲಿ ಇಬ್ಬರು ಹೀರೋಯಿನ್‌ಗಳು ಮುತ್ತಿಟ್ಟುಕೊಂಡರು. ಹುಡುಗಿಯರೆಲ್ಲ ಹೋ ಎಂದು ಕೂಗಿದರು. ನನಗೆ ಖಜೂರಿ ಹಳ್ಳಿಯ ಮುತ್ತಜ್ಜಿ ನೆನಪಾದಳು.

ಚಿಕ್ಕವಳಿದ್ದಾಗ ರಜೆಗೆ ಅವಳ ಮನೆಗೆ ಹೋಗಿದ್ದೆ. ನನ್ನ ಕಾಮಿಕ್ ಪುಸ್ತಕದಲ್ಲಿ ಮುಖವಾಡ ಹಾಕಿ ಪ್ಯಾಂಟ್ ತೊಟ್ಟ ಹೆಣ್ಣನ್ನು ನೋಡಿ ಮುತ್ತಜ್ಜಿ ಎಲೆ ಅಡಿಕೆ ಜಗಿಯುವುದನ್ನೇ ನಿಲ್ಲಿಸಿದಳು.

"ನಾನೂ ಹಿಂಗ ವೇಷ ಹಾಕಿದ್ದೆ ಬೇ. ನಿಜಾಮನ ರಜಾಕಾರರ ಹಾವಳಿಯೊಳಗ ಅಪ್ಪ ನನಗ ಧೋತರ ಉಡಿಸಿ, ರುಮಾಲ ಸುತ್ತಿ, ಗೆಳತಿ ಗಂಗವ್ವನ ಗಂಡ ಅಂತ ಹೇಳಿ ಮಣ್ಣೂರಿಂದ ಭೀಮಾ ಹೊಳಿ ದಾಟಿಸಿದ. ಆಚೀ ದಂಡಿಯೊಳಗ ತಿಂಗಳಗಟ್ಲೆ ಹಂಗೇ ಇದ್ವಿ. ಆಕಿ ನನಗ 'ಏನ್ರಿ, ಉಣ್ಣಾಕ ಬರ್ರಿ' ಅಂತಿದ್ಳು."

"ಚ್ಯಾಷ್ಟಿ ಮಾಡ್ತಿದ್ಳೇನಜ್ಜಿ?"

"ಮೊದಲ ಚ್ಯಾಷ್ಟಿನ ಇತ್ತು." ಮುತ್ತಜ್ಜಿ ಬಾಗಿಲ ಕಡೆ ನೋಡಿ ದನಿ ತಗ್ಗಿಸಿದಳು. "ಗದ್ದಲ ಮುಗೀತಂತ ಎಲ್ಲಾರೂ ಕುಣದ್ರು. ನಾ ಒಬ್ಬಾಕಿನ ಅತ್ತಬಿಟ್ಟೆ. ಮನಿಗೆ ಬಂದ ಕೂಡಲೇ ರುಮಾಲ ಬಿಚ್ಚಿಸಿದ್ರು. ಆಕಿನ್ನ ಜೇವರ್ಗಿಗೆ ಕೊಟ್ರು, ನನ್ನ ಇಲ್ಲಿಗೆ. ಮತ್ತ ಆಕಿ ಮಾರಿ ನೋಡಿಲ್ಲ."

ಆಗ ನನಗೇನೂ ಅರ್ಥವಾಗಿರಲಿಲ್ಲ. ಈಗ ರೂಮ್‌ಮೇಟ್ ತಲೆ ಬಾಚಿಕೊಳ್ಳುವಾಗ ಪುಸ್ತಕದ ಮರೆಯಿಂದ ಅವಳನ್ನೇ ನೋಡುತ್ತ ಕೂರುವ ನನಗೆ ಎಲ್ಲವೂ ಅರ್ಥವಾಗುತ್ತದೆ.

ಅದೇ ರೂಮ್‌ಮೇಟ್ ಇವತ್ತು ಟಿವಿ ಮುಂದೆ ನನ್ನ ಭುಜಕ್ಕೆ ಒರಗಿ ಕೇಳಿದಳು: "ಇದ್ರಾಗ ನಿನಗ ಯಾರು ಇಷ್ಟ ಬೇ?"

ನಾನು ಗಡ್ಡದ ಹೀರೋನ ಕಡೆ ಬೆರಳು ತೋರಿಸಿದೆ.